ಎಲ್ಲರ ಬಾಯಿಗೂ ಒಂದೇ ಮಾತು
ಪತ್ರಿಕೆ, ಕಿರುತೆರೆ, ಸಿನಿಮಾ ಮತ್ತು ನಮ್ಮ ಸೀಮೆಯ ನಗೆ

(ಗದಗಿನಲ್ಲಿ ನೀಡಿದ ದತ್ತಿ ಉಪನ್ಯಾಸದ ಪಠ್ಯ)



ಹಾಸ್ಯದ ಬಗ್ಗೆ ಉಪನ್ಯಾಸ ಅಂದಕೂಡಲೆ ಎರಡು ನಮೂನೆಯ ಜನ ಸೇರುತ್ತಾರೆ. ನಗಲಿಕ್ಕೆಂದೇ ಬಂದವರು ಒಂದು ಕಡೆ. ‘ಇಂವ ಏನ್ ನಗಸ್ತಾನ ನೋಡೂಣು’ ಅಂತ ತುಟಿ ಬಿಗಿಹಿಡಿದು ಕೂತವರು ಇನ್ನೊಂದು ಕಡೆ. ಇವತ್ತು ಇಬ್ಬರಿಗೂ ಸ್ವಲ್ಪ ನಿರಾಸೆ ಕಾದಿದೆ. ನನಗೆ ಕೊಟ್ಟಿರುವ ವಿಷಯ ನಗೆಯನ್ನು ಬರೆದು ಹೊಟ್ಟೆ ಹೊರೆಯುವ ಕಸುಬಿನದು. ಪತ್ರಿಕೆಗೆ ಬರೆದ ಕೈ ನಾಟಕಕ್ಕೆ, ರೇಡಿಯೋಕ್ಕೆ, ಸಿನಿಮಾಕ್ಕೆ, ಟಿ.ವಿ.ಗೆ ಹೋದಾಗ ಆ ಬರವಣಿಗೆ ಏನಾಗುತ್ತದೆ? ಅದರ ಜತೆ ಹೋದ ನಮ್ಮ ಸೀಮೆಯ ಮಾತು ಏನಾಗುತ್ತದೆ?

ಉದಾಹರಣೆಗೆ ಬೆಂಗಳೂರಿಗೆ ಹೋಗಬೇಕಾಗಿಲ್ಲ. ಇಲ್ಲಿಂದ ತಾಸಿನ ದಾರಿಯ ಲಕ್ಷ್ಮೇಶ್ವರದಲ್ಲಿ 1951ರಲ್ಲಿ ಹುಟ್ಟಿದ ಗೋಪಾಲ ವಾಜಪೇಯಿ ಈ ಎಲ್ಲ ಮನೆಗಳನ್ನೂ ಹೊಕ್ಕು ಬಂದವರು. ಹುಬ್ಬಳ್ಳಿಯ ‘ಕಸ್ತೂರಿ’ ಮಾಸಪತ್ರಿಕೆಯಲ್ಲಿ ಹಲವು ವರ್ಷ ದುಡಿದರು, ರಂಗಭೂಮಿಗೆ ನಾಟಕ ಕೊಟ್ಟರು, ಸಿನಿಮಾಕ್ಕೆ ಸಂಭಾಷಣೆ ಮತ್ತು ಹಾಡು ಬರೆದರು, ಈಟಿವಿ ಕನ್ನಡ ಶುರುವಾದ ಮೇಲೆ ಹೈದರಾಬಾದಿನ ರಾಮೋಜಿ ಫಿಲ್ಮ್ ಸಿಟಿಗೂ ಹೋದರು. 2016ರ ಸೆಪ್ಟೆಂಬರಿನಲ್ಲಿ ತೀರಿಕೊಂಡರು. ಅವರನ್ನು ಬರೀ ‘ಹಾಸ್ಯಲೇಖಕ’ ಎಂದರೆ ಅನ್ಯಾಯವಾದೀತು. ಆದರೆ ಹಾಸ್ಯ ಬರೆಯುವವನಿಗೆ ಎಲ್ಲಕ್ಕಿಂತ ಮೊದಲು ಬೇಕಾದದ್ದು ಕಿವಿ. ಆ ಕಿವಿ ಅವರಿಗಿತ್ತು. ಅವರ ಜತೆಗೆ ಬೀಚಿ, ಪಾ.ವೆಂ. ಆಚಾರ್ಯ, ಪಿ.ಬಿ. ಧುತ್ತರಗಿ, ರಾಜು ತಾಳಿಕೋಟಿ ಮೊದಲಾದವರನ್ನೂ ಇಟ್ಟುಕೊಂಡು ಒಂದು ಮಾತನ್ನು ನಿಮ್ಮ ಮುಂದೆ ಸಾಧಿಸಬೇಕೆಂದಿದ್ದೇನೆ. ನಮ್ಮ ಮಾತನ್ನು ಕಥೆಯ ಎಲ್ಲ ಪಾತ್ರಗಳ ಬಾಯಿಗೂ ಕೊಟ್ಟಾಗ ಹಾಸ್ಯ ಗೆದ್ದಿದೆ. ಒಬ್ಬನ ಬಾಯಿಗೆ ಮಾತ್ರ ಕೊಟ್ಟಾಗ ಆ ಮಾತೇ ನಗೆಪಾಟಲಾಗಿದೆ.

ಐದು ಸರ್ಕಾರಗಳ ಸೀಮೆ

ಈ ನೆಲದ ನಗೆ ನಿನ್ನೆ ಮೊನ್ನೆಯದಲ್ಲ. 1112ರಲ್ಲಿ ‘ಧರ್ಮಾಮೃತ’ ಬರೆದ ನಯಸೇನ ಇಲ್ಲೇ ಪಕ್ಕದ ಮುಳಗುಂದದವನು. ಧರ್ಮ ಹೇಳಲು ಕೂತವನು ಗಾದೆ, ಚೇಷ್ಟೆ, ಹಳ್ಳಿಯ ಕಥೆಗಳಿಂದ ಪುಟ ತುಂಬಿಸಿದ. ಕನ್ನಡದಲ್ಲಿ ಬೇಕಿಲ್ಲದ ಸಂಸ್ಕೃತ ಬೆರೆಸುವವರನ್ನು ತುಪ್ಪಕ್ಕೆ ಎಣ್ಣೆ ಬೆರೆಸುವವರ ಸಾಲಿಗೆ ಸೇರಿಸಿ ಅಣಕಿಸಿದ. ವೀರನಾರಾಯಣನ ಸನ್ನಿಧಿಯಲ್ಲಿ ಕೂತು ಬರೆದ ಕುಮಾರವ್ಯಾಸನ ಉತ್ತರಕುಮಾರ ಇವತ್ತಿಗೂ ಗಮಕಿಗಳ ಕೈಬಿಡದ ಪಾತ್ರ. ಇನ್ನು ಲಕ್ಷ್ಮೇಶ್ವರವೆಂದರೆ ಹಳೆಯ ಪುಲಿಗೆರೆ. ‘ಕವಿರಾಜಮಾರ್ಗ’ ತಿರುಳ್ಗನ್ನಡದ ನಾಡನ್ನು ಗುರುತಿಸುವಾಗ ಎಣಿಸಿದ ಊರುಗಳಲ್ಲಿ ಅದೂ ಒಂದು. 941ರಲ್ಲಿ ಪಂಪ ತನ್ನ ಕಾವ್ಯದ ನುಡಿ ಅಲ್ಲಿಯದೇ ಎಂದು ಹೆಮ್ಮೆಪಟ್ಟ. ಒಂದು ಕಾಲಕ್ಕೆ ಮಾದರಿ ಎನಿಸಿಕೊಂಡ ಸೀಮೆಯ ಮಾತು ಸಾವಿರ ವರ್ಷದ ಮೇಲೆ ಸಿನಿಮಾದಲ್ಲಿ ಆಳುಮಗನ ಮಾತಾಯಿತು. ಇದು ಹೇಗಾಯಿತು ಅಂತ ಕೇಳಿಕೊಳ್ಳದೆ ಹಾಸ್ಯದ ಚರಿತ್ರೆ ಬರೆಯಲಾಗುವುದಿಲ್ಲ.

ಸ್ವಾತಂತ್ರ್ಯದ ಮುಂಚಿನ ನಕಾಶೆ ತೆಗೆದು ನೋಡಿ. ಗದಗ, ಮುಂಡರಗಿ ಮುಂಬೈ ಪ್ರಾಂತದ ಧಾರವಾಡ ಜಿಲ್ಲೆಯಲ್ಲಿದ್ದವು. ಶಿರಹಟ್ಟಿ ಸಾಂಗಲಿ ಸಂಸ್ಥಾನಕ್ಕೆ, ಲಕ್ಷ್ಮೇಶ್ವರ ಮಿರಜ ಸಂಸ್ಥಾನಕ್ಕೆ ಸೇರಿದ್ದವು. ತುಂಗಭದ್ರೆ ದಾಟಿ ಹಡಗಲಿಗೆ ಕಾಲಿಟ್ಟರೆ ಮದರಾಸು. ಪೂರ್ವಕ್ಕೆ ಕೊಪ್ಪಳಕ್ಕೆ ಹೋದರೆ ನಿಜಾಮ. ಮಗಳನ್ನು ಒಂದೂರಿಗೆ ಕೊಟ್ಟು ಸೊಸೆಯನ್ನು ಇನ್ನೊಂದೂರಿನಿಂದ ತಂದ ರೈತನ ಬೀಗರ ಬಳಗದಲ್ಲೇ ಐದು ಸರ್ಕಾರಗಳಿದ್ದವು. ಮನೆಯಲ್ಲಿ ಎಲ್ಲರದೂ ಕನ್ನಡ. ಕಚೇರಿಗೆ ಹೋದರೆ ಒಂದು ಕಡೆ ಮರಾಠಿ ದಫ್ತರ, ಇನ್ನೊಂದು ಕಡೆ ಉರ್ದು, ಮತ್ತೊಂದು ಕಡೆ ಇಂಗ್ಲಿಷು. ಹೀಗಾಗಿ ನಮ್ಮ ಕಡೆಯ ನಗೆಗೆ ಗುರಿಯಾದದ್ದು ಕಚೇರಿ, ಕಾಗದ, ಸಾಹೇಬ ಮತ್ತು ಸಾಹೇಬನಿಗಿಂತ ದೊಡ್ಡವನಾದ ಅವನ ಪಟ್ಟೇವಾಲ. ನಮ್ಮವನು ತನ್ನ ಭಾಷೆಗೆ ತಾನು ನಗುತ್ತಿರಲಿಲ್ಲ. ತನ್ನ ಭಾಷೆಯಲ್ಲಿ ದಫ್ತರಕ್ಕೆ ನಗುತ್ತಿದ್ದ.

ಅಚ್ಚಿನ ಮನೆ

ಆ ಹಡಗಲಿಯ ಆಚೆ ಹರಪನಹಳ್ಳಿ. ಅಲ್ಲಿ 1913ರಲ್ಲಿ ಹುಟ್ಟಿದವರು ರಾಯಸಂ ಭೀಮಸೇನರಾವ್, ನಾವೆಲ್ಲ ಬಲ್ಲ ಬೀಚಿ. ಪೊಲೀಸ್ ಇಲಾಖೆಯಲ್ಲಿ ನೌಕರಿ. ಮೊದಮೊದಲು ಕನ್ನಡ ಪುಸ್ತಕವೆಂದರೆ ತಾತ್ಸಾರ. ಅ.ನ.ಕೃ. ಅವರ ‘ಸಂಧ್ಯಾರಾಗ’ ಓದಿದ ಮೇಲೆ ಕನ್ನಡಕ್ಕೆ ತಿರುಗಿದರು ಎನ್ನುವುದು ಅವರ ಓದುಗರಿಗೆಲ್ಲ ಗೊತ್ತಿರುವ ಸಂಗತಿ. ಹಗಲೆಲ್ಲ ಸರ್ಕಾರಿ ಕಾಗದ ನೋಡಿದ ಮನುಷ್ಯ ರಾತ್ರಿ ಬರೆಯಲು ಕೂತರೆ ಸರ್ಕಾರಿ ಕಾಗದದ ಮೇಲೆಯೇ ನಗೆ ಹರಿಯಬೇಕಲ್ಲವೆ? ಬಳ್ಳಾರಿಯ ‘ರೈತವಾಣಿ’ಯಲ್ಲಿ ಬೇವಿನಕಟ್ಟೆ ತಿಂಮನಾಗಿ, ಹುಬ್ಬಳ್ಳಿಯ ‘ವಿಶಾಲ ಕರ್ನಾಟಕ’ದಲ್ಲಿ ‘ಕೆನೆಮೊಸರು’ ಅಂಕಣಕಾರನಾಗಿ, ಮುಂದೆ ‘ಸುಧಾ’ದಲ್ಲಿ ‘ನೀವು ಕೇಳಿದಿರಿ?’ ವಿಭಾಗದ ಉತ್ತರಕಾರನಾಗಿ ಅವರು ಬೆಳೆದರು. ಓದುಗನದು ಒಂದು ಸಾಲಿನ ಪ್ರಶ್ನೆ, ಬೀಚಿಯವರದು ಒಂದು ಸಾಲಿನ ಉತ್ತರ. ಒಂದೇ ಸಾಲಿನಲ್ಲಿ ನಗಿಸಬೇಕಾದವನಿಗೆ ಒಂದು ಪದ ಹೆಚ್ಚಾದರೂ ಸೋಲು. ಆ ಶಿಸ್ತನ್ನು ಕಲಿಸಿದ್ದು ಪತ್ರಿಕೆಯ ಇಕ್ಕಟ್ಟಾದ ಜಾಗ. ಬೀಚಿ ತೀರಿಕೊಂಡದ್ದು 1980ರ ಡಿಸೆಂಬರಿನಲ್ಲಿ, ಬೆಂಗಳೂರು ದೂರದರ್ಶನ ಶುರುವಾದದ್ದು 1981ರ ನವೆಂಬರಿನಲ್ಲಿ. ಹನ್ನೊಂದು ತಿಂಗಳ ಅಂತರದಲ್ಲಿ ಟಿ.ವಿ. ಅವರನ್ನು ಕಳೆದುಕೊಂಡಿತು.

ಬೆಂಗಳೂರಲ್ಲಿ 1942ರಿಂದ ರಾಶಿಯವರ ‘ಕೊರವಂಜಿ’ ನಗೆಗೆಂದೇ ನಡೆದ ಪತ್ರಿಕೆ. ನಮ್ಮ ಕಡೆ ಹಾಗೆ ನಗೆಗೆಂದೇ ಮೀಸಲಾದ ದೊಡ್ಡ ಪತ್ರಿಕೆ ಬಾಳಲಿಲ್ಲ. ನಗೆ ಎಲ್ಲ ಪತ್ರಿಕೆಗಳ ಮೂಲೆಮೂಲೆಗಳಲ್ಲಿ ಹಂಚಿಹೋಗಿತ್ತು. 1956ರಲ್ಲಿ ಲೋಕಶಿಕ್ಷಣ ಟ್ರಸ್ಟು ‘ಕಸ್ತೂರಿ’ ಹೊರಡಿಸಿತು. ಅದನ್ನು ಕಟ್ಟಿದ ಪಾ.ವೆಂ. ಆಚಾರ್ಯರು ಉಡುಪಿಯವರು, ಬಾಳಿದ್ದು ಹುಬ್ಬಳ್ಳಿಯಲ್ಲಿ. ‘ಲಾಂಗೂಲಾಚಾರ್ಯ’ ಅಂತ ಹೆಸರಿಟ್ಟುಕೊಂಡು ಹರಟೆ ಬರೆದರು. ವಿಜ್ಞಾನ, ಶಬ್ದಶೋಧ, ರಾಜಕಾರಣಗಳ ನಡುವೆ ನಗೆಗೂ ಜಾಗ ಇಟ್ಟರು.

ಡೈಜೆಸ್ಟ್ ಮಾದರಿಯ ಪತ್ರಿಕೆಯಲ್ಲಿ ಕೆಲಸ ಮಾಡಿದವರಿಗೆ ಗೊತ್ತು: ಲೇಖನ ಮುಗಿದ ಪುಟದಲ್ಲಿ ಕೆಳಗೆ ಎಂಟು ಸಾಲು ಖಾಲಿ ಉಳಿಯುತ್ತದೆ. ಅಲ್ಲಿಗೊಂದು ನಗೆಹನಿ ಬೇಕು. ಬಂದಿರುವುದು ಹದಿನಾಲ್ಕು ಸಾಲಿನದು. ಆರು ಸಾಲು ತೆಗೆಯಬೇಕು, ನಗೆ ಮಾತ್ರ ಉಳಿಯಬೇಕು. ಅದಕ್ಕೆ ಯಾವ ಪದ ನಗಿಸುತ್ತದೆ, ಯಾವುದು ಸುಮ್ಮನೆ ಕೂತಿದೆ ಅಂತ ತಿಳಿಯಬೇಕು. ವಾಜಪೇಯಿ ಹಲವು ವರ್ಷ ದುಡಿದದ್ದು ಇಂಥ ಮನೆಯಲ್ಲಿ. ಮುಂದೆ ಸಿನಿಮಾದಲ್ಲಿ ಅವರ ಸಂಭಾಷಣೆ ಎಲ್ಲೂ ಬೊಜ್ಜು ಬೆಳೆಸಿಕೊಳ್ಳದಿದ್ದುದಕ್ಕೆ ಪತ್ರಿಕೆಯ ಕತ್ತರಿಯೂ ಒಂದು ಕಾರಣವೆಂದು ನಾನು ನಂಬುತ್ತೇನೆ.

ಗದಗದ ಪಾಲನ್ನೂ ಇಲ್ಲಿ ಹೇಳಬೇಕು. ಇದು ಅಚ್ಚಿನ ಊರು. ಪಂಚಾಂಗ, ನಿಘಂಟು, ಶಾಲಾಪುಸ್ತಕಗಳ ಜತೆಗೆ ಹಳ್ಳಿಯ ತಂಡಗಳು ಆಡುವ ಸಾಮಾಜಿಕ ನಾಟಕಗಳೂ ಇಲ್ಲೇ ಅಚ್ಚಾಗಿ ಊರೂರಿಗೆ ಹೋದವು. ಜಾತ್ರೆಗೆ ನಾಟಕ ಹಾಕಬೇಕೆಂದವರು ಗದಗಿಗೆ ಬಂದು ಪುಸ್ತಕ ಒಯ್ಯುತ್ತಿದ್ದರು. ಒಯ್ಯುವ ಮುನ್ನ ಅಂಗಡಿಯವನಿಗೆ ಕೇಳುತ್ತಿದ್ದದ್ದು ಎರಡೇ ಪ್ರಶ್ನೆ: ಹೆಣ್ಣುಪಾತ್ರ ಎಷ್ಟವ, ಹಾಸ್ಯ ಹೆಂಗೈತಿ?

ಒಂದೇ ನಗೆ, ನಾಲ್ಕು ಮನೆ

ಮಾಧ್ಯಮ ಬದಲಾದಂತೆ ನಗೆ ಹೇಗೆ ಬದಲಾಗುತ್ತದೆ ಅನ್ನುವುದನ್ನು ಸಿದ್ಧಾಂತದಲ್ಲಿ ಹೇಳಿದರೆ ನಿಮಗೆ ತೂಕಡಿಕೆ ಬಂದೀತು. ಒಂದು ಸಣ್ಣ ಪ್ರಸಂಗವನ್ನು ನಾನೇ ಕಟ್ಟಿಕೊಂಡು ಬಂದಿದ್ದೇನೆ. ಶಿರಹಟ್ಟಿ ಕಡೆಯ ಒಬ್ಬ ಅಜ್ಜ ಪಿಂಚಣಿಗೆಂದು ಕಚೇರಿಗೆ ಬರುತ್ತಾನೆ.

ಕಾರಕೂನ: “ಅಜ್ಜಾ, ನೀ ಜೀವಂತ ಇದ್ದೀ ಅನ್ನೂದಕ್ಕ ಕಾಗದ ತಾ.”
ಅಜ್ಜ: “ನಾನಽ ಬಂದೇನಲ್ಲೋ ತಮ್ಮಾ.”
ಕಾರಕೂನ: “ನೀ ಬಂದರ ನಡಿಯೂದುಲ್ಲ. ಕಾಗದ ಬರಬೇಕು.”
ಅಜ್ಜ: “ಆತು ಬಿಡಪಾ. ಮುಂದಿನ ತಿಂಗಳಿಂದ ಕಾಗದನಽ ಕಳಸ್ತೀನಿ. ನಾ ಸತ್ತರೂ ಅದು ತಪ್ಪದಽ ಬರತೈತಿ.”

ಪತ್ರಿಕೆಯಲ್ಲಿ ಇದು ಆರೇಳು ಸಾಲು. ಕೊನೆಯ ವಾಕ್ಯದ ಮುಂದೆ ಒಂದಕ್ಷರವೂ ಬರಕೂಡದು. ‘ಎಂದಾಗ ಕಾರಕೂನ ತಬ್ಬಿಬ್ಬಾದ’ ಅಂತ ಸೇರಿಸಿದರೆ ನಗೆ ಸತ್ತಂತೆ. ಅಚ್ಚಿನಲ್ಲಿ ಇನ್ನೊಂದು ತೊಡಕು ಬರಹದ್ದು. ‘ನಡಿಯೂದುಲ್ಲ’ ಅಂತ ಬರೆದರೆ ಮೈಸೂರಿನ ಓದುಗ ಎಡವುತ್ತಾನೆ. ‘ನಡೆಯುವುದಿಲ್ಲ’ ಅಂತ ಬರೆದರೆ ಅಜ್ಜನೂ ಕಾರಕೂನನೂ ಪಠ್ಯಪುಸ್ತಕದವರಾಗುತ್ತಾರೆ. ಉಚ್ಚಾರವನ್ನು ಎಷ್ಟು ತರಬೇಕು, ಎಲ್ಲಿ ಬಿಡಬೇಕು ಅನ್ನುವುದೇ ನಮ್ಮ ಸೀಮೆಯ ಹಾಸ್ಯಲೇಖಕನ ಮೊದಲ ಪರೀಕ್ಷೆ.

ಧಾರವಾಡ ಆಕಾಶವಾಣಿ 1950ರ ಜನವರಿಯಲ್ಲಿ ಶುರುವಾಯಿತು. ಎನ್ಕೆ ಕುಲಕರ್ಣಿಯವರಂಥ ಬರಹಗಾರರು ಅಲ್ಲಿದ್ದರು. ರೇಡಿಯೋಕ್ಕೆ ಬಂದರೆ ಬರಹದ ತೊಡಕು ಇಲ್ಲ. ನಾಲಿಗೆ ಹೇಗೆ ಹೊರಳಿತೋ ಹಾಗೆ ಕೇಳುತ್ತದೆ. ಆದರೆ ಮುಖ ಕಾಣುವುದಿಲ್ಲ. ಅಜ್ಜನ ವಯಸ್ಸನ್ನು ಒಂದು ಕೆಮ್ಮು ಹೇಳಬೇಕು, ಕಚೇರಿಯನ್ನು ಟೈಪ್‌ರೈಟರಿನ ಸದ್ದು ಹೇಳಬೇಕು. ‘ಆತು ಬಿಡಪಾ’ ಆದ ಮೇಲೆ ಅರೆಗಳಿಗೆಯ ಮೌನ ಬೇಕು. ಲೇಖಕ ಅಲ್ಲಿ ಮೌನವನ್ನೂ ಬರೆಯಲು ಕಲಿತ.

ಇದೇ ಪ್ರಸಂಗ ಕಂಪನಿ ನಾಟಕಕ್ಕೆ ಹೋಗಲಿ. ಗರೂಡ ಸದಾಶಿವರಾಯರ ದತ್ತಾತ್ರೇಯ ನಾಟಕ ಮಂಡಳಿ ಕಂಡ ಊರಿದು, ಪಂಚಾಕ್ಷರಿ ಗವಾಯಿಗಳ ಹೆಸರಿನ ನಾಟಕ ಕಂಪನಿ ಹೊರಟ ಊರಿದು, ನಿಮಗೆ ವಿವರಿಸಬೇಕಾಗಿಲ್ಲ. ಕಂಪನಿಯ ಹಾಸ್ಯದೃಶ್ಯ ನಡೆಯುವುದು ರಸ್ತೆ ಪರದೆಯ ಮುಂದೆ. ಆ ಹೊತ್ತಿನಲ್ಲಿ ಪರದೆಯ ಹಿಂದೆ ಅರಮನೆಯನ್ನು ಕಿತ್ತು ಗುಡಿಸಲು ನಿಲ್ಲಿಸುತ್ತಿರುತ್ತಾರೆ. ಗುಡಿಸಲು ಎದ್ದು ನಿಂತು ಒಳಗಿನಿಂದ ಸನ್ನೆ ಬರುವವರೆಗೆ ಹಾಸ್ಯನಟ ಒಳಗೆ ಹೋಗುವಂತಿಲ್ಲ. ಹೀಗಾಗಿ ಅಜ್ಜನ ಜತೆ ಅಜ್ಜಿಯೂ ಬರುತ್ತಾಳೆ, ಕಾರಕೂನನ ಹೆಂಡತಿ ಡಬ್ಬಿ ತರುತ್ತಾಳೆ, ಒಂದು ಹಾಡೂ ಆಗುತ್ತದೆ. ಹಿಂದಿನ ಸಾಲಿಗೆ ಕೇಳಲಿಲ್ಲವೆಂದು ಕೊನೆಯ ಮಾತನ್ನು ಎರಡು ಸಲ ಹೇಳುತ್ತಾರೆ. ಬನಶಂಕರಿ ಜಾತ್ರೆಯಲ್ಲಾದರೆ ಆ ವಾರದ ಬಾದಾಮಿಯ ಸುದ್ದಿಯೂ ಸೇರುತ್ತದೆ. ಬರೆದವನ ನಾಲ್ಕು ಸಾಲು ಹದಿನೈದು ನಿಮಿಷವಾಗಿ ಬೆಳೆದಾಗ ಅದರಲ್ಲಿ ನಟನ ಪಾಲೆಷ್ಟು, ಲೇಖಕನ ಪಾಲೆಷ್ಟು ಅಂತ ಯಾರೂ ಹೇಳಲಾರರು. ಮಾಸ್ಟರ್ ಹಿರಣ್ಣಯ್ಯನವರ ‘ಲಂಚಾವತಾರ’ ಊರಿಂದೂರಿಗೆ, ದಿನದಿಂದ ದಿನಕ್ಕೆ ಬದಲಾಗುತ್ತಿದ್ದುದು ಇದೇ ಪದ್ಧತಿಯ ದೊಡ್ಡ ರೂಪ.

ಈಗ ಸಿನಿಮಾ. ಇಲ್ಲಿ ಅಜ್ಜನ ಮುಖವನ್ನು ಹತ್ತಿರದಿಂದ ತೋರಿಸಬಹುದು; ಕೊನೆಯ ಮಾತೇ ಬೇಡ, ಕಾಗದವನ್ನು ಮೇಜಿನ ಮೇಲಿಟ್ಟು ಅದಕ್ಕೇ ಕೈಮುಗಿದರೆ ಸಾಕು. ಒಳ್ಳೆಯ ಸಂಭಾಷಣೆಕಾರ ತನ್ನ ಸಾಲನ್ನು ತಾನೇ ಹೊಡೆದುಹಾಕುತ್ತಾನೆ. ಆದರೆ ಚರ್ಚೆಗೆ ಕೂತಾಗ ಯಾರೋ ಒಬ್ಬರು ಕೇಳುತ್ತಾರೆ: ‘ಈ ಭಾಷೆ ಬೆಂಗಳೂರು, ಮೈಸೂರಲ್ಲಿ ಅರ್ಥ ಆಗುತ್ತಾ?’ ಆಮೇಲೆ ಒಂದು ರಾಜಿ. ಕಾರಕೂನನಿಗೆ ಬೆಂಗಳೂರಿನ ಕನ್ನಡ, ಅಜ್ಜನಿಗೆ ಮಾತ್ರ ನಮ್ಮ ಕನ್ನಡ. ಒಂದು ಸಾಲೂ ಬದಲಾಗಿಲ್ಲ, ಆದರೂ ನಗೆ ಪಕ್ಷಾಂತರ ಮಾಡಿತು. ಮೊದಲು ಜನ ನಕ್ಕದ್ದು ಕಾಗದದ ಹುಚ್ಚಿಗೆ. ಈಗ ನಗುವುದು ಅಜ್ಜನ ‘ಬರತೈತಿ’ಗೆ. ಕಾರಕೂನ ಗೆದ್ದ, ಅಜ್ಜ ಸೋತ. ನಮ್ಮ ಸೀಮೆಯ ಮಾತು ಬೆಳ್ಳಿತೆರೆಯಲ್ಲಿ ನಗೆಪಾಟಲಾದ ಬಗೆ ಇಷ್ಟೇ.

ವಾಜಪೇಯಿ ಮಾಡಿದ್ದೇನು?

ನಮ್ಮ ಮಾತು ಹೀಗೆ ನಗೆಪಾಟಲಾಗದಿರಲು ಎರಡು ದಾರಿಗಳಿದ್ದವು. ಒಂದು, ಭಾಷೆಯನ್ನೇ ಕೈಬಿಡುವುದು. ಧುತ್ತರಗಿಯವರ ‘ಸಂಪತ್ತಿಗೆ ಸವಾಲ್’ ನಾಟಕ 1974ರಲ್ಲಿ ರಾಜ್‌ಕುಮಾರ್ ನಟಿಸಿದ ಸಿನಿಮಾ ಆಯಿತು. ನಾಡೆಲ್ಲ ನೋಡಿತು. ಉತ್ತರ ಕರ್ನಾಟಕದ ಕಂಪನಿ ನಾಟಕದ ಕಥೆ ಎಷ್ಟು ಗಟ್ಟಿ ಅನ್ನುವುದು ಸಾಬೀತಾಯಿತು. ಆದರೆ ತೆರೆಗೆ ಹೋದದ್ದು ಕಥೆ. ಮಾತು ಹಳೆ ಮೈಸೂರಿನದಾಯಿತು. ಇದನ್ನು ದೋಷವೆಂದು ಹೇಳುತ್ತಿಲ್ಲ. ಆ ಕಾಲದ ಮಾರುಕಟ್ಟೆ ಹಾಗಿತ್ತು.

ಎರಡನೆಯ ದಾರಿ ವಾಜಪೇಯಿ ಹಿಡಿದದ್ದು. 1990ರಲ್ಲಿ ಟಿ.ಎಸ್. ನಾಗಾಭರಣರ ‘ಸಂತ ಶಿಶುನಾಳ ಶರೀಫ’ ಬಂತು. ಅದರ ಸಂಭಾಷಣೆ ವಾಜಪೇಯಿಯವರದು. ಶಿಶುನಾಳ ಲಕ್ಷ್ಮೇಶ್ವರಕ್ಕೆ ನೆರೆಯ ಸೀಮೆ; ಶರೀಫರ ಹಾಡು ಕೇಳಿ ಬೆಳೆದ ಊರಿನವನಿಗೆ ಆ ಮಾತನ್ನು ಬೇರೆಲ್ಲಿಂದಲೋ ತರಬೇಕಾಗಿರಲಿಲ್ಲ. ಶ್ರೀಧರ್ ಅಭಿನಯದ ಶರೀಫರೂ, ಗಿರೀಶ ಕಾರ್ನಾಡರ ಗೋವಿಂದಭಟ್ಟರೂ, ಊರ ಗೌಡನೂ ಒಂದೇ ಸೀಮೆಯ ಮಾತಾಡಿದರು. ಗುರು-ಶಿಷ್ಯರು ಮಡಿವಂತರನ್ನು ಪೇಚಿಗೆ ಸಿಕ್ಕಿಸುವ ಕಡೆಗಳಲ್ಲಿ ಜನ ನಕ್ಕರು. ಮಾತಿನ ಧಾಟಿಗೆ ಯಾರೂ ನಗಲಿಲ್ಲ. ರಾಷ್ಟ್ರೀಯ ಭಾವೈಕ್ಯದ ಪ್ರಶಸ್ತಿ ಪಡೆದ ಆ ಚಿತ್ರದಲ್ಲಿ ಇನ್ನೊಂದು ಭಾವೈಕ್ಯವೂ ಇತ್ತೆಂದು ನನಗನಿಸುತ್ತದೆ. ಧಾರವಾಡದ ಕಡೆಯ ಮಾತನ್ನು ಬೆಂಗಳೂರಿನ ಪ್ರೇಕ್ಷಕ ಗೌರವದಿಂದ ಕೇಳಿದ.

ಅದಕ್ಕಿಂತ ದೊಡ್ಡ ಪರೀಕ್ಷೆ 1997ರ ‘ನಾಗಮಂಡಲ’. ಕಾರ್ನಾಡರ ನಾಟಕ, ನಾಗಾಭರಣರ ನಿರ್ದೇಶನ, ಸಿ. ಅಶ್ವಥ್ ಸಂಗೀತ. ಮಾತೂ ಹಾಡೂ ವಾಜಪೇಯಿಯವರವು. ಪ್ರೇಮವನ್ನು ಉತ್ತರ ಕರ್ನಾಟಕದ ಮಾತಿನಲ್ಲಿ ಹೇಳಿದರೆ ಥಿಯೇಟರಿನಲ್ಲಿ ನಕ್ಕುಬಿಟ್ಟಾರು ಅನ್ನುವ ಭಯ ಯಾರಿಗಾದರೂ ಇರಬಹುದಾಗಿದ್ದ ಕಾಲ. ವಾಜಪೇಯಿ ರಾಣಿಗೆ, ಅಪ್ಪಣ್ಣನಿಗೆ, ರಾತ್ರಿ ಬರುವ ನಾಗನಿಗೆ, ಕುರುಡವ್ವನಿಗೆ, ಕಪ್ಪಣ್ಣನಿಗೆ, ಪಂಚರಿಗೆ ಎಲ್ಲರಿಗೂ ಅದೇ ಮಾತು ಕೊಟ್ಟರು. ಸಿಟ್ಟು, ಸಂಶಯ, ಸರಸ, ನ್ಯಾಯ ಎಲ್ಲವೂ ಒಂದೇ ಕನ್ನಡದಲ್ಲಿ ನಡೆದವು.

ಆ ಚಿತ್ರದ ಹಾಸ್ಯದ ಜೋಡಿಯನ್ನು ಗಮನಿಸಿ. ಕಣ್ಣು ಕಾಣದ ತಾಯಿಯನ್ನು ಬೆನ್ನ ಮೇಲೆ ಹೊತ್ತು ತಿರುಗುವ ಮಗ. ಬಿ. ಜಯಶ್ರೀ ಮತ್ತು ಮಂಡ್ಯ ರಮೇಶ್ ಆ ಪಾತ್ರಗಳಲ್ಲಿದ್ದರು. ಒಬ್ಬರು ಗುಬ್ಬಿ ವೀರಣ್ಣನವರ ಮೊಮ್ಮಗಳು, ಇನ್ನೊಬ್ಬರ ಊರು ಹೆಸರಿನಲ್ಲೇ ಇದೆ. ಇಬ್ಬರ ನಾಲಿಗೆಗೂ ನಮ್ಮ ಮಾತು ಹುಟ್ಟಿನಿಂದ ಬಂದದ್ದಲ್ಲ. ಆದರೂ ಅವರ ದೃಶ್ಯಗಳಲ್ಲಿ ನಗೆ ಬರುವುದು ತಾಯಿ-ಮಗನ ಹಟದಿಂದ, ಸಲಿಗೆಯಿಂದ, ಅವಳಿಗೆ ಕಾಣದ್ದು ಅವನಿಗೆ ಕಾಣುವುದರಿಂದ. ನಾಯಕಿಯೂ ಅದೇ ಭಾಷೆ ಆಡುತ್ತಿರುವಾಗ ಆ ಭಾಷೆಗೆ ನಗುವುದು ಪ್ರೇಕ್ಷಕನಿಗೆ ಸಾಧ್ಯವೇ ಇಲ್ಲ. ನಗಬೇಕಾದರೆ ಅವನು ಸನ್ನಿವೇಶಕ್ಕೇ ನಗಬೇಕು. ಹಾಗಾಗಿ ಆ ಜೋಡಿಯನ್ನು ನೋಡಿ ನಕ್ಕವರೇ ಮುಂದೆ ಅದೇ ತಾಯಿಯ ಸಂಕಟಕ್ಕೆ ಕಣ್ಣೊರೆಸಿಕೊಂಡರು. ಮಾತಿಗೆ ನಕ್ಕವರು ಹೀಗೆ ಅಳಲಾರರು.

ಈ ಗೆಲುವು ಶಾಶ್ವತವಾಯಿತೆ? ಇಲ್ಲ. ಭೀಷ್ಮ ಸಾಹನಿಯವರ ಹಿಂದಿ ನಾಟಕವನ್ನು ವಾಜಪೇಯಿ ‘ಸಂತ್ಯಾಗ ನಿಂತಾನ ಕಬೀರ’ ಅಂತ ಕನ್ನಡಕ್ಕೆ ತಂದರು. ಕಾಶಿಯ ನೇಕಾರ ಬೆಟಗೇರಿಯ ನೇಕಾರ ಓಣಿಯಲ್ಲಿ ಸಿಗುವಂಥವನಾದ. 2016ರಲ್ಲಿ ಶಿವರಾಜ್‌ಕುಮಾರ್ ಕಬೀರನಾಗಿ ತೆರೆಗೆ ಬಂದಾಗ ಸಂಭಾಷಣೆ ವಾಜಪೇಯಿಯವರದೇ. ಆದರೆ ಚಿತ್ರದ ಹೆಸರು ‘ಸಂತೆಯಲ್ಲಿ ನಿಂತ ಕಬೀರ’. ರಂಗದ ಮೇಲೆ ನಮ್ಮವನಾಗಿದ್ದ ಕಬೀರ ಪೋಸ್ಟರಿಗೆ ಬರುವಾಗ ಇಸ್ತ್ರಿ ಮಾಡಿದ ಅಂಗಿ ತೊಟ್ಟ. ದೊಡ್ಡ ನಟ, ದೊಡ್ಡ ಬಂಡವಾಳ, ಇಡೀ ನಾಡಿನ ಪ್ರೇಕ್ಷಕ ಅನ್ನುವಾಗ ನಮ್ಮ ಮಾತು ಎರಡು ಹೆಜ್ಜೆ ಹಿಂದೆ ಸರಿಯುತ್ತದೆ. ಆ ಚಿತ್ರ ಬಂದ ಎರಡು ತಿಂಗಳೊಳಗೆ ವಾಜಪೇಯಿ ಹೋದರು.

ದಿನಕ್ಕೊಂದು ಕಂತು

ಟಿ.ವಿ.ಯ ಸಂಗತಿ ಬೇರೆ. 2000ದ ಡಿಸೆಂಬರಿನಲ್ಲಿ ಈಟಿವಿ ಕನ್ನಡ ಬಂದಾಗ ಪತ್ರಿಕೆಗಳಲ್ಲಿ ಪಳಗಿದ ಅನೇಕ ಕೈಗಳಿಗೆ ಕೆಲಸ ಸಿಕ್ಕಿತು. ನಗೆಲೇಖನಗಳಿಂದ ಹೆಸರು ಮಾಡಿದ್ದ ಎಂ.ಎಸ್. ನರಸಿಂಹಮೂರ್ತಿಯವರು ಸಿಹಿಕಹಿ ಚಂದ್ರು ಅವರ ‘ಪಾಪ ಪಾಂಡು’ವಿಗೆ ಬರೆದರು. ಬೆಂಗಳೂರಿನ ಮಧ್ಯಮವರ್ಗದ ಮನೆಯ ಆ ನಗೆ ಅಲ್ಲಿಯ ಮಾತಿಗೆ ಪ್ರಾಮಾಣಿಕವಾಗಿಯೇ ಇತ್ತು. ನಾನು ಗಮನಕ್ಕೆ ತರುವುದು ದುಡಿಮೆಯ ಲೆಕ್ಕವನ್ನು. ಪತ್ರಿಕೆಯ ಅಂಕಣಕಾರ ವಾರಕ್ಕೊಂದು ಬರೆದರೆ ದಿನನಿತ್ಯದ ಧಾರಾವಾಹಿ ವಾರಕ್ಕೆ ಐದು ಕಂತು ಕೇಳುತ್ತದೆ. ಅಂಕಣವಾದರೆ ನಾಳೆ ಪುಸ್ತಕವಾಗುತ್ತದೆ. ಕಂತು ಪ್ರಸಾರವಾದ ಮೇಲೆ ಅದರ ಹಸ್ತಪ್ರತಿ ಎಲ್ಲಿ ಹೋಯಿತು ಅಂತ ಕೇಳುವವರಿಲ್ಲ. ಬೀಚಿಯ ತಿಂಮ ಇವತ್ತೂ ಪುಸ್ತಕದಂಗಡಿಯಲ್ಲಿ ಸಿಗುತ್ತಾನೆ. ನೂರಾರು ಕಂತು ಬರೆದವರ ಒಂದು ಸಂಪುಟವೂ ನಮಗೆ ಸುಲಭಕ್ಕೆ ಸಿಗುವುದಿಲ್ಲ.

2016ರಿಂದ ಜೀ ಕನ್ನಡದ ‘ಕಾಮಿಡಿ ಕಿಲಾಡಿಗಳು’ ಮಾದರಿಯ ಕಾರ್ಯಕ್ರಮಗಳು ಬಂದವು. ನಮ್ಮ ಭಾಗದ ಹಳ್ಳಿಗಳ ಹುಡುಗ ಹುಡುಗಿಯರಿಗೆ ಅವು ದೊಡ್ಡ ಬಾಗಿಲು ತೆರೆದವು. ಅದರ ಪುಣ್ಯವನ್ನು ಕಸಿಯಬಾರದು. ಆದರೆ ಸ್ಕಿಟ್‌ಗಳ ಹಂಚಿಕೆ ನೋಡಿ: ಸ್ಪರ್ಧಿ ನಮ್ಮ ಕಡೆಯವನಾದರೆ ಅವನಿಗೆ ಜೋಳದ ರೊಟ್ಟಿಯ, ಗರಂ ಸ್ವಭಾವದ, ಇಲ್ಲವೆ ಮುಗ್ಧ ಪಾತ್ರ. ಎದುರಿನವರದು ಬೇರೆ ಕನ್ನಡ. ಮತ್ತೆ ಅದೇ ಅಜ್ಜ, ಅದೇ ಕಾರಕೂನ. ನಟ ಪ್ರತಿಭಾವಂತನಾದರೆ ಆ ಚೌಕಟ್ಟನ್ನು ಮುರಿದು ಹೊರಬರುತ್ತಾನೆ. ಬರೆಯುವವನು ಅದನ್ನು ಮುರಿದುಕೊಟ್ಟದ್ದು ಕಡಿಮೆ.

2025ರ ಅಕ್ಟೋಬರಿನಲ್ಲಿ ನಾವು ಕಳೆದುಕೊಂಡ ರಾಜು ತಾಳಿಕೋಟಿಯವರ ದಾರಿ ಇದನ್ನೇ ಇನ್ನೊಂದು ಬದಿಯಿಂದ ತೋರಿಸುತ್ತದೆ. ಕಂಪನಿ ನಾಟಕದ ಮನುಷ್ಯ. ಅವರ ‘ಕಲಿಯುಗದ ಕುಡುಕ’ ಕ್ಯಾಸೆಟ್ಟು ನಮ್ಮ ಕಡೆಯ ಟ್ರ್ಯಾಕ್ಟರು, ಟೆಂಪೋ, ಚಹಾದಂಗಡಿಗಳಲ್ಲಿ ವರ್ಷಗಟ್ಟಲೆ ಓಡಿತು. ಅಲ್ಲಿ ಕುಡುಕನೂ ಅವನ ಹೆಂಡತಿಯೂ ಊರವರೂ ಒಂದೇ ಮಾತಿನವರು, ಹಾಗಾಗಿ ಕುಡುಕನ ತರ್ಕವೇ ನಗೆ. ಮುಂದೆ ಯೋಗರಾಜ್ ಭಟ್ಟರ ‘ಮನಸಾರೆ’ (2009), ‘ಪಂಚರಂಗಿ’ (2010) ಚಿತ್ರಗಳಲ್ಲಿ ನಾಡೆಲ್ಲ ಅವರನ್ನು ಗುರುತಿಸಿತು, ಪ್ರೀತಿಸಿತು. ಆದರೆ ರಂಗದ ಮೇಲೆ ಇಡೀ ಆಟವನ್ನೇ ಹೊತ್ತವರಿಗೆ ತೆರೆಯ ಮೇಲೆ ಸಿಕ್ಕದ್ದು ಬಿಡಿಬಿಡಿ ದೃಶ್ಯಗಳು. ಅವರ ಶಕ್ತಿಯನ್ನೆಲ್ಲ ಬೇಡುವಂಥ ಪೂರ್ತಿ ಚಿತ್ರಕಥೆಯನ್ನು ನಮ್ಮ ಲೇಖಕರು ಬರೆದುಕೊಡಲಿಲ್ಲ.

ಈಗ ಯೂಟ್ಯೂಬ್. ಮೊಬೈಲು ಹಿಡಿದ ಹುಡುಗರು ಹೊಲದ ಬದುವಿನಲ್ಲಿ, ಮನೆಯ ಕಟ್ಟೆಯ ಮೇಲೆ ಕಿರುಪ್ರಹಸನ ತೆಗೆಯುತ್ತಿದ್ದಾರೆ. ಯಾರೂ ಅವರಿಗೆ ‘ಅರ್ಥ ಆಗುತ್ತಾ’ ಅಂತ ಕೇಳುವುದಿಲ್ಲ. ಅತ್ತೆ, ಸೊಸೆ, ಸಾಲ ಕೊಟ್ಟವನು, ಪೊಲೀಸು ಎಲ್ಲರೂ ಒಂದೇ ಕನ್ನಡದವರು. ಅಂದರೆ ವಾಜಪೇಯಿ ಬೆಳ್ಳಿತೆರೆಯಲ್ಲಿ ಕಷ್ಟಪಟ್ಟು ಗೆದ್ದದ್ದು ಇಲ್ಲಿ ಪುಕ್ಕಟೆ ಸಿಕ್ಕಿದೆ. ಕೊರತೆ ಇರುವುದು ಪತ್ರಿಕೆ ಕಲಿಸುತ್ತಿದ್ದ ಕತ್ತರಿಯದು. ಬರೆದು ತಂದವರಿಲ್ಲ, ತಿದ್ದುವವರಿಲ್ಲ. ಎಂಟು ಸಾಲಿನ ನಗೆ ಎಂಟು ನಿಮಿಷಕ್ಕೆ ಎಳೆಯುತ್ತದೆ, ಕೊನೆಗೆ ಬೈಗುಳವೇ ಮುಕ್ತಾಯವಾಗುತ್ತದೆ.

ಇನ್ನು ನಮ್ಮ ಕೆಲಸ

ದತ್ತಿ ಉಪನ್ಯಾಸ ಚಪ್ಪಾಳೆಯಲ್ಲಿ ಮುಗಿದು ಹೋದರೆ ದತ್ತಿ ಇಟ್ಟವರ ಹಣ ದಂಡ. ಅದಕ್ಕೆ ಮೂರು ವಿನಂತಿ ಮಾಡಿ ಮುಗಿಸುತ್ತೇನೆ.

ಮೊದಲನೆಯದು ಗದಗ-ಬೆಟಗೇರಿ, ಲಕ್ಷ್ಮೇಶ್ವರ, ಶಿರಹಟ್ಟಿ, ಮುಂಡರಗಿಯ ಕಾಲೇಜುಗಳ ಕನ್ನಡ ವಿಭಾಗಗಳಿಗೆ. ನಿಮ್ಮ ಊರಿನ ಜಾತ್ರೆಗಳಲ್ಲಿ ಆಡಿದ ಸಾಮಾಜಿಕ ನಾಟಕಗಳ ಪುಸ್ತಕಗಳನ್ನು, ಅವುಗಳ ಅಂಚಿನಲ್ಲಿ ನಟರು ಪೆನ್ಸಿಲಿನಿಂದ ಬರೆದುಕೊಂಡ ಹಾಸ್ಯದ ಸೇರ್ಪಡೆಗಳ ಸಮೇತ, ಸಂಗ್ರಹಿಸಿರಿ. ಅಚ್ಚಾದ ನಾಟಕ ಲೇಖಕನದು. ಅಂಚಿನ ಬರಹ ಆ ಊರಿನದು. ಹಳೆಯ ಕ್ಯಾಸೆಟ್ಟುಗಳು ಇನ್ನೂ ಯಾರದಾದರೂ ಅಟ್ಟದ ಮೇಲಿವೆ. ಟೇಪು ಅಂಟಿಕೊಳ್ಳುವ ಮುಂಚೆ ಡಿಜಿಟಲ್ ಮಾಡಿಸಿರಿ.

ಎರಡನೆಯದು ಲಕ್ಷ್ಮೇಶ್ವರದವರಿಗೆ. ಪಂಪನ ಹೆಸರು ಹೇಳಿ ಸಭೆ ಮಾಡುವ ಊರು ಗೋಪಾಲ ವಾಜಪೇಯಿ ಅವರ ಹೆಸರಿನಲ್ಲಿಯೂ ವರ್ಷಕ್ಕೊಂದು ಸಂಭಾಷಣಾ ರಚನೆಯ ಕಮ್ಮಟ ನಡೆಸಲಿ. ಅವರ ನಾಟಕಗಳೂ ಚಿತ್ರಸಂಭಾಷಣೆಗಳೂ ಒಂದೇ ಕಡೆ ಓದಲು ಸಿಗುವಂತಾಗಲಿ. ಹಾಡು ಕೇಳಿದವರಿಗೆಲ್ಲ ಬರೆದವರ ಊರು ಗೊತ್ತಿರಬೇಕು.

ಮೂರನೆಯದು ಇಲ್ಲಿ ಹಿಂದಿನ ಸಾಲಿನಲ್ಲಿ ನಿಂತಿರುವ ತರುಣರಿಗೆ. ನಿಮ್ಮಲ್ಲಿ ಯಾರಾದರೂ ನಾಳೆ ಸ್ಕಿಟ್ಟೋ ಸಿನಿಮಾವೋ ಬರೆಯಬಹುದು. ಬರೆಯುವಾಗ ನಮ್ಮ ಮಾತನ್ನು ಜಿಲ್ಲಾಧಿಕಾರಿಗೂ ಕೊಡಿ, ವೈದ್ಯೆಗೂ ಕೊಡಿ, ನಾಯಕಿಗೂ ಕೊಡಿ, ಕಳ್ಳನಿಗೂ ಕೊಡಿ. ಕೆಲಸದಾಳಿಗೆ ಮಾತ್ರ ಕೊಡು ಎಂದು ಯಾರಾದರೂ ಕೇಳಿದರೆ ಆ ಕೆಲಸ ಬಿಟ್ಟು ಬನ್ನಿ. ಬರೆದದ್ದಕ್ಕೆ ನಿಮ್ಮ ಹೆಸರು ಹಾಕಿಸಿಕೊಳ್ಳಿ, ಒಂದು ಪ್ರತಿ ಮನೆಯಲ್ಲಿಡಿ. ನಗಿಸಲು ಬೇಕಾದ ಸಾಮಗ್ರಿ ಈ ಸೀಮೆಯಲ್ಲಿ ನಯಸೇನನ ಕಾಲದಿಂದ ಬಿದ್ದಿದೆ; ಈಗ ಬೇಕಾಗಿರುವವರು ಕೂತು ಬರೆಯುವವರು ಮತ್ತು ಬರೆದದ್ದನ್ನು ತಿದ್ದುವವರು.